ಸಿಳ್ಳೆ ಹೊಡೆದವರಿಗೊಂದು ಮಾತು: ಉಮಾಶ್ರೀ!

ನಾಯಕಿಯಾಗಲು ಏನು ಬೇಕು? ಬಿಳೀ ಮೈಬಣ್ಣವೇ? ಇಪ್ಪತ್ತರ ಹರೆಯವೇ? ಹೀರೋ ಜೊತೆ ನಾಲ್ಕು ಡ್ಯುಯೆಟ್ಟೇ? ಗಾಂಧಿನಗರದ ಲೆಕ್ಕ ಹೆಚ್ಚುಕಡಿಮೆ ಇಷ್ಟೇ. ಈ ಲೆಕ್ಕಕ್ಕೆ ಸಿಗದೆ ಗೆದ್ದಾಕೆ ಒಬ್ಬರಿದ್ದಾರೆ. 1957ರಲ್ಲಿ ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ ಹುಟ್ಟಿದ ಉಮಾಶ್ರೀ!

1984ರಲ್ಲಿ ಕಾಶೀನಾಥರ 'ಅನುಭವ' ತೆರೆಕಂಡಿತು. ಉಮಾಶ್ರೀ ರಾತ್ರೋರಾತ್ರಿ ಮನೆಮಾತಾದರು. ಆದರೆ ಎಂಥ ಮನೆಮಾತು? ಎರಡರ್ಥದ ಸಂಭಾಷಣೆ ಇದ್ದಲ್ಲೆಲ್ಲ ಅವರಿಗೇ ಬುಲಾವ್. ಎನ್.ಎಸ್. ರಾವ್ ಜೊತೆ ಜೋಡಿ ಕಟ್ಟಿದರೆ ಗಾಂಧಿ ಕ್ಲಾಸಿನಲ್ಲಿ ಸಿಳ್ಳೆಯೋ ಸಿಳ್ಳೆ! ನಿರ್ಮಾಪಕರಿಗೆ ಅಷ್ಟು ಸಾಕಾಯಿತು. ಅದೇ ಪಾತ್ರ, ಬೇರೆ ಸೀರೆ.

ಅದೇ ಉಮಾಶ್ರೀ ರಂಗಭೂಮಿಯಲ್ಲಿ ದೇವನೂರ ಮಹಾದೇವರ 'ಒಡಲಾಳ'ದ ಸಾಕವ್ವ! ಕಳೆದುಹೋದ ಹುಂಜಕ್ಕಾಗಿ ಊರೆಲ್ಲ ಅಲೆಯುವ ಮುದುಕಿ. ನಾಟಕ ಕಂಡವರಿಗೆ ಆ ಸಾಕವ್ವ ಮರೆಯುವವಳಲ್ಲ. ಸಿಳ್ಳೆಯ ಸದ್ದಿನಲ್ಲಿ ಸಿನಿಮಾದವರಿಗೆ ಮಾತ್ರ ಆಕೆ ಕಾಣಿಸಿದ್ದು ಅಪರೂಪ.

ಕಂಡದ್ದು 1995ರಲ್ಲಿ. 'ಪುಟ್ನಂಜ'ದಲ್ಲಿ ರವಿಚಂದ್ರನ್‌ಗೆ ಅಜ್ಜಿ ಪುಟ್ಮಲ್ಲಿ. ಗಮನಿಸಿ, ರವಿಚಂದ್ರನ್ ಹುಟ್ಟಿದ್ದು 1961ರಲ್ಲಿ. ಅಜ್ಜಿಗೂ ಮೊಮ್ಮಗನಿಗೂ ನಾಲ್ಕೇ ವರ್ಷದ ಅಂತರ! ಹೀರೋ ಮರ ಸುತ್ತುತ್ತಿರುವಾಗಲೇ ಆತನಿಗಿಂತ ನಾಲ್ಕು ವರ್ಷ ದೊಡ್ಡಾಕೆಗೆ ಬೆನ್ನು ಬಾಗಿಸಿ, ತಲೆಗೆ ಬಿಳಿ ಹಚ್ಚಬೇಕು. ಇದು ಕಲೆಯ ಹೆಚ್ಚುಗಾರಿಕೆಯೂ ಹೌದು, ಕಸುಬಿನ ಕ್ರೌರ್ಯವೂ ಹೌದು.

ಮುಂದೆ ಬಂತು ಗಿರೀಶ್ ಕಾಸರವಳ್ಳಿಯವರ 'ಗುಲಾಬಿ ಟಾಕೀಸ್', ವೈದೇಹಿಯವರ ಕಥೆಯಿಂದ ಮೂಡಿದ ಚಿತ್ರ. ಇಲ್ಲಿನ ಗುಲಾಬಿ ಸೂಲಗಿತ್ತಿ. ನಮ್ಮ ನಿಮ್ಮ ಹಾಗೆಯೇ ಸಿನಿಮಾ ಹುಚ್ಚಿ! ಒಂದು ಹೆರಿಗೆ ಮಾಡಿಸಿದ್ದಕ್ಕೆ ಕಲರ್ ಟಿ.ವಿ. ಸಿಗುತ್ತದೆ. ಮೀನುಗಾರ ಹೆಂಗಸರೆಲ್ಲ ಆಕೆಯ ಮನೆಯಲ್ಲಿ ಸೇರುತ್ತಾರೆ. ಕೊನೆಗೆ ಆ ಗುಲಾಬಿಯೇ ಊರು ಬಿಡಬೇಕಾಗುತ್ತದೆ. ಈ ಪಾತ್ರಕ್ಕೆ 2007ನೇ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ! 'ಅನುಭವ' ಕಳೆದು ಇಪ್ಪತ್ತಮೂರು ವರ್ಷಗಳ ಲೆಕ್ಕ. ನಾನು ಈ ಚಿತ್ರ ನೋಡಿದ್ದು ಅಂಗೈಯಗಲದ ಮೊಬೈಲಿನಲ್ಲಿ. ಆದರೂ ಆ ಮುಖ ಸಣ್ಣದೆನಿಸಲಿಲ್ಲ.

ನಡುವೆ ರಾಜಕೀಯ. 2013ರಲ್ಲಿ ನಮ್ಮ ಉತ್ತರ ಕರ್ನಾಟಕದ ತೇರದಾಳದಿಂದ ಗೆದ್ದು ಮಂತ್ರಿಯಾದರು. 2018ರಲ್ಲಿ ಸೋತರು. ಸೋತವರು ಮನೆ ಸೇರಲಿಲ್ಲ, ಬಣ್ಣ ಹಚ್ಚಿದರು. 'ಶರ್ಮಿಷ್ಠೆ'ಯಾಗಿ ಒಬ್ಬರೇ ರಂಗ ತುಂಬಿದರು.

2021ರ ಡಿಸೆಂಬರಿನಲ್ಲಿ ಕಿರುತೆರೆಗೆ 'ಪುಟ್ಟಕ್ಕನ ಮಕ್ಕಳು' ಬಂತು. ಗಂಡ ಬಿಟ್ಟರೂ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಸಾಕುವ ತಾಯಿ. ನಮ್ಮ ಬಾಳೆಹೊಸೂರಿನಲ್ಲೂ ಪುಟ್ಟಕ್ಕ ಬಂದಳೆಂದರೆ ಓಣಿಯ ಹೆಂಗಸರು ಟಿ.ವಿ. ಮುಂದೆ. ಆಕೆಯ ಮಾತು ಮೈಸೂರು ಕಡೆಯದು, ನಮ್ಮ ಕಡೆಯದಲ್ಲ. ಅದೇನೂ ಅಡ್ಡಿಯಾಗಲಿಲ್ಲ. ಒಂದು ಸಂಜೆ ನನ್ನ ಗೆಳೆಯನೊಬ್ಬ ಬಾಗಿಲಲ್ಲಿ ನಿಂತು, "ಏನ್ ಯವ್ವಾ, 'ಅನುಭವ'ದಾಕೀನ್ನ ನೋಡಾಕತ್ತೀರಿ?" ಎಂದು ಕಣ್ಣು ಹೊಡೆದ. ನಮ್ಮವ್ವ ತಿರುಗಿಯೂ ನೋಡದೆ ಹೇಳಿದಳು: "ಆಕಿ ಕೈ ನೋಡೋ ತಮ್ಮಾ. ಅಡಿಗಿ ಮಾಡಿದ ಕೈ ಅದು. ಸುಮ್ನ ಕುಂದರು." ಅವನು ಕುಂತ. ಜಾಹೀರಾತು ಬಂದರೂ ಏಳಲಿಲ್ಲ!

ಇಡೀ ದಿನ ರೊಟ್ಟಿ ಬಡಿದ ಹೆಂಗಸು ಕೊಟ್ಟ ಸರ್ಟಿಫಿಕೇಟು ಅದು. ಅದಕ್ಕಿಂತ ದೊಡ್ಡ ವಿಮರ್ಶೆ ನನಗೆ ಗೊತ್ತಿಲ್ಲ.

ಯೋಚಿಸಿ ಗೆಳೆಯರೇ. ಆ ವೇಳೆಗೆ ಉಮಾಶ್ರೀಗೆ ಅರವತ್ತನಾಲ್ಕು. ಆ ವಯಸ್ಸಿನ ಹೆಣ್ಣನ್ನು ಕಥೆಯ ನಟ್ಟನಡುವೆ ನಿಲ್ಲಿಸಿ, ನಿತ್ಯ ಜನ ಸೇರಿಸಿದ್ದು ಕಿರುತೆರೆ. ಆ ಧೈರ್ಯ ಬೆಳ್ಳಿತೆರೆ ತೋರಿದ್ದು ಎಷ್ಟು ಸಲ? ಕೇಳಿದರೆ ನಿರ್ಮಾಪಕರು ನಮ್ಮತ್ತಲೇ ಬೆರಳು ತೋರಿಸುತ್ತಾರೆ: "ಹುಡುಗರು ನೋಡೋದಿಲ್ರೀ!"

ಹುಡುಗರು ಅಂದರೆ ನಾವೇ. ಫಸ್ಟ್ ಡೇ ಫಸ್ಟ್ ಶೋ ಕಟೌಟಿಗೆ ಹಾಲೆರೆಯುವವರು. ನಮ್ಮ ಟಿಕೆಟ್ಟಿನ ಕಾಸು ನೋಡಿಯೇ ಪಾತ್ರ ಹುಟ್ಟುವುದು, ಪಾತ್ರ ಸಾಯುವುದು. ಮುಂದಿನ ಸಾಕವ್ವ, ಮುಂದಿನ ಗುಲಾಬಿ ಈಗಲೂ ಎಲ್ಲೋ ಎರಡು ಸೀನಿನ ಕಾಮಿಡಿ ಮಾಡುತ್ತಿರಬಹುದು. ಸಿಳ್ಳೆ ಹೊಡೆಯಬೇಡಿ ಎನ್ನುತ್ತಿಲ್ಲ. ಹೊಡೆಯಿರಿ, ಜೋರಾಗಿಯೇ ಹೊಡೆಯಿರಿ. ಆದರೆ ಆಕೆ ಅಭಿನಯಿಸಿದಾಗ!