ದೊಡ್ಡ ನಾಯಿಯ ಊರಿನಲ್ಲಿ

ವೆರೋನಾಕ್ಕೆ ಹೋದವರೆಲ್ಲ ಮೊದಲು ನೋಡುವುದು ಜೂಲಿಯೆಟ್ ಮನೆಯ ಬಾಲ್ಕನಿ. ನಾನೂ ಹೋದೆ. ಅಂಗಳದಲ್ಲಿ ಕಾಲಿಡಲು ಜಾಗವಿಲ್ಲ. ಬೆವರು, ಸೆಲ್ಫಿ ಕೋಲು, ನೂಕುನುಗ್ಗಲು. ಹತ್ತು ನಿಮಿಷಕ್ಕೇ ಸಾಕಾಗಿ ಹೊರಬಿದ್ದು, ನೆರಳಿದ್ದ ಓಣಿ ಹಿಡಿದು ಹೊರಟೆ. ಸುತ್ತಿ ಬಳಸಿ ಅದು ಸಾಂತಾ ಮರಿಯಾ ಆಂತಿಕಾ ಎಂಬ ಪುಟ್ಟ ಚರ್ಚಿನೆದುರು ತಂದು ನಿಲ್ಲಿಸಿತು. ಬಾಗಿಲ ಮೇಲುಗಡೆ ಒಂದು ಕಲ್ಲಿನ ಶವಪೆಟ್ಟಿಗೆ. ಅದರಡಿ ಏಣಿಯ ಗುರುತಿನ ಗುರಾಣಿ ಹಿಡಿದು ಕೂತ ನಾಯಿಗಳು.

ಅದು ಒಂದು ಕಾಲಕ್ಕೆ ವೆರೋನಾವನ್ನು ಆಳಿದ ಕಾನ್‌ಗ್ರಾಂದೆ ದೆಲ್ಲಾ ಸ್ಕಾಲಾನ ಸಮಾಧಿ. ಸ್ಕಾಲಾ ಎಂದರೆ ಏಣಿ, ಕಾನೆ ಗ್ರಾಂದೆ ಎಂದರೆ ದೊಡ್ಡ ನಾಯಿ. ನಮ್ಮಲ್ಲಾದರೆ ಹೊಡೆದಾಟಕ್ಕೆ ಇಷ್ಟು ಸಾಕು. ಇವರಿಗೆ ಅದೇ ಬಿರುದು. ಅಣ್ಣನ ಮಗನ ಹೆಸರು ಮಾಸ್ತಿನೊ, ಅಂದರೆ ಕಾವಲುನಾಯಿ. ಅವನ ಮಗ ಕಾನ್‌ಸಿನ್ಯೋರಿಯೊ, ನಾಯಿದೊರೆ. ಪಕ್ಕದಲ್ಲೇ ಇವರ ಸಮಾಧಿಗಳೂ ಇವೆ, ಶಿಖರದಂತೆ ಮೇಲೆದ್ದು. ಸುತ್ತ ಕಬ್ಬಿಣದ ಜಾಲರಿ, ಅದರ ಕಣ್ಣುಕಣ್ಣಿನಲ್ಲೂ ಒಂದೊಂದು ಏಣಿ. ಬೆರಳಿಂದ ತಳ್ಳಿದರೆ ಸರಪಳಿಯಂತೆ ಅಲುಗುತ್ತದೆ.

ಸಮಾಧಿಯ ತುದಿಯಲ್ಲಿ ಕುದುರೆಯೇರಿದ ಕಾನ್‌ಗ್ರಾಂದೆಯ ಪ್ರತಿಮೆ ನಕಲು. ಮೂಲ ಇರುವುದು ಕಾಸ್ತೆಲ್‌ವೆಕ್ಕಿಯೊ ಕೋಟೆಯ ಮ್ಯೂಸಿಯಂನಲ್ಲಿ. ವಾಸ್ತುಶಿಲ್ಪಿ ಕಾರ್ಲೊ ಸ್ಕಾರ್ಪಾ ಅದನ್ನು ಕಾಂಕ್ರೀಟಿನ ಎತ್ತರದ ಚಾಚಿನ ಮೇಲೆ, ಗಾಳಿಯಲ್ಲಿ ನಿಂತಂತೆ ಇಟ್ಟಿದ್ದಾನೆ. ಮೇಲಿನ ಹಾದಿಯಿಂದ ಮುಖ ಹತ್ತಿರದಲ್ಲೇ ಕಾಣುತ್ತದೆ. ಬೆನ್ನಿಗೆ ನಾಯಿತಲೆಯ ಶಿರಸ್ತ್ರಾಣ ಜೋತುಬಿದ್ದಿದೆ. ಸವಾರ ಹಲ್ಲು ಕಾಣುವಂತೆ ನಗುತ್ತಿದ್ದಾನೆ. ಅಷ್ಟು ಯುದ್ಧ ಮಾಡಿದವನ ನಗು ಹೀಗೆ ಪೋಲಿ ಹುಡುಗನದಾಗಿರುತ್ತದೆಂದು ನಾನು ಎಣಿಸಿರಲಿಲ್ಲ. ತನ್ನೂರಿಂದ ಗಡಿಪಾರಾದ ಕವಿ ದಾಂತೆಗೆ ಆಶ್ರಯ ಕೊಟ್ಟವನೂ ಇವನೇ.

1329ರ ಜುಲೈಯಲ್ಲಿ ತ್ರೆವೀಜೊ ಪಟ್ಟಣ ಇವನ ಕೈವಶವಾಯಿತು. ಊರೊಳಗೆ ಕಾಲಿಟ್ಟ ನಾಲ್ಕನೇ ದಿನಕ್ಕೆ ಸತ್ತ, ಮೂವತ್ತೆಂಟರ ಪ್ರಾಯದಲ್ಲಿ. ಚಿಲುಮೆಯ ತಣ್ಣೀರು ಕುಡಿದು ಕಾಯಿಲೆ ಬಿದ್ದನೆಂದು ಜನ ಹೇಳಿಕೊಂಡರು. 2004ರಲ್ಲಿ ಪೆಟ್ಟಿಗೆ ತೆರೆದಾಗ ದೇಹ ಒಣಗಿದರೂ ಕೆಡದೆ ಉಳಿದಿತ್ತು. ಪರೀಕ್ಷೆಯಲ್ಲಿ ಸಿಕ್ಕಿದ್ದು ಡಿಜಿಟಾಲಿಸ್ ಗಿಡದ ವಿಷ. ಇದನ್ನು ಓದಿದಾಗ ಅಪ್ಪನ ಮಾತ್ರೆ ಡಬ್ಬಿ ನೆನಪಾಯಿತು. ಅದೇ ಜಾತಿಯ ಗಿಡದಿಂದ ಬರುವ ಡಿಗಾಕ್ಸಿನ್ ಅವರು ಎದೆಗೆಂದು ನುಂಗುತ್ತಿದ್ದರು, ವಾರಕ್ಕೆ ಐದೇ ದಿನ. ಶನಿವಾರ, ಭಾನುವಾರ ಮರೆತು ಕೊಟ್ಟುಬಿಟ್ಟೇನು ಎಂದು ಅಮ್ಮ ಕ್ಯಾಲೆಂಡರಿನಲ್ಲಿ ಗೀಟು ಹಾಕುತ್ತಿದ್ದಳು. ಕಾನ್‌ಗ್ರಾಂದೆಗೆ ಅದು ಮದ್ದಾಗಿ ಹೋಯಿತೋ ಮೋಸವಾಗಿ ಹೋಯಿತೋ, ಲೆಕ್ಕ ಇಟ್ಟವರಿಲ್ಲ.

ಅವನಿಗೆ ಔರಸ ಪುತ್ರರಿರಲಿಲ್ಲ. ಪಟ್ಟ ಅಣ್ಣನ ಮಕ್ಕಳಿಗೆ ಹೋಯಿತು. ಮುಂದಿನದು ದಾಯಾದಿ ಕಥೆಯೂ ಅಲ್ಲ, ಒಡಹುಟ್ಟಿದವರದೇ. ನಾನು ನಿಂತಿದ್ದ ಕೋಟೆಯನ್ನು 1354ರಲ್ಲಿ ಕಟ್ಟಿಸತೊಡಗಿದವನು ಎರಡನೇ ಕಾನ್‌ಗ್ರಾಂದೆ, ಮಾಸ್ತಿನೊ ಮಗ. ಸ್ವಂತ ಪ್ರಜೆಗಳ ಭಯ. ದಂಗೆಯೆದ್ದರೆ ಓಡಿಹೋಗಲು ಆದಿಜೆ ನದಿಗೆ ಅಡ್ಡಲಾಗಿ ಸೇತುವೆಯನ್ನೂ ಹಾಕಿಸಿದ. 1359ರಲ್ಲಿ ಅವನನ್ನು ಕೊಂದದ್ದು ಪ್ರಜೆಗಳಲ್ಲ, ತಮ್ಮ ಕಾನ್‌ಸಿನ್ಯೋರಿಯೊ. ಆ ತಮ್ಮ 1375ರಲ್ಲಿ ಸಾಯುವ ಮುನ್ನ, ತನ್ನ ಮಕ್ಕಳಿಗೆ ಅಡ್ಡಿಯಾಗಬಾರದೆಂದು ಸೆರೆಯಲ್ಲಿದ್ದ ಇನ್ನೊಬ್ಬ ಸಹೋದರನನ್ನು ಕೊಲ್ಲಿಸಿದ. ಮಕ್ಕಳೇನು ಕಡಿಮೆಯೇ? 1381ರಲ್ಲಿ ಒಬ್ಬ ಇನ್ನೊಬ್ಬನನ್ನು ಕೊಲ್ಲಿಸಿದ. 1387ಕ್ಕೆ ಮಿಲಾನಿನ ವಿಸ್ಕೊಂತಿಗಳು ಬಂದು ಊರನ್ನೇ ಕಸಿದುಕೊಂಡರು.

ಸಂಜೆಯ ರೈಲಿಗೆ ಮಿಲಾನಿಗೆ ವಾಪಸಾದೆ. ಮಾಸ್ತಿನೊ ಮಗಳು ರೆಜಿನಾ ಮದುವೆಯಾಗಿ ಬಂದಿದ್ದು ಇದೇ ಊರಿಗೆ, ವಿಸ್ಕೊಂತಿ ಮನೆಗೇ. ಅಣ್ಣತಮ್ಮಂದಿರು ಕಡಿದಾಡುತ್ತಿದ್ದಾಗ ಇವಳು ಇಲ್ಲೊಂದು ಚರ್ಚು ಕಟ್ಟಿಸಿದಳು. ತವರಿನ ಹೆಸರಿನಿಂದ ಅದು ಸಾಂತಾ ಮರಿಯಾ ಅಲ್ಲಾ ಸ್ಕಾಲಾ ಆಯಿತು. ಚರ್ಚನ್ನು ಕೆಡವಿ ಅಲ್ಲೊಂದು ಆಪೆರಾ ಮಂದಿರ ಎಬ್ಬಿಸಿದರು. 1778ರಲ್ಲಿ ಬಾಗಿಲು ತೆರೆದ ಅದನ್ನು ಜಗತ್ತು ಲಾ ಸ್ಕಾಲಾ ಎನ್ನುತ್ತದೆ.

ಮರುದಿನದ ಆಟಕ್ಕೆ ಅಗ್ಗದ ಟಿಕೆಟ್ ಕೇಳಿದೆ. ಎಲ್ಲಕ್ಕಿಂತ ಮೇಲಿನ ಗ್ಯಾಲರಿಯಲ್ಲಿ ಒಂದು ಸೀಟು ಸಿಕ್ಕಿತು. ಮೆಟ್ಟಿಲು ಹತ್ತಿ ಹತ್ತಿ ಮೊಣಕಾಲು ಹಿಡಿದುಕೊಂಡಿತು.