ಚಾಮಯ್ಯ ಮೇಷ್ಟರನ್ನು ನೆನೆದು

ಚಲನಚಿತ್ರದಲ್ಲಿ ನಾಯಕನಿಗೆ ಸಲ್ಲುವ ಜಯಘೋಷ ಪೋಷಕ ನಟನಿಗೆ ಸಲ್ಲುವುದು ವಿರಳ. ಆದರೂ ನಾಯಕನ ಪಕ್ಕದಲ್ಲಿ ನಿಂತುಕೊಂಡೇ ಕನ್ನಡಿಗರ ಮನೆಮನೆಗಳಲ್ಲಿ ಹಿರಿಯರ ಸ್ಥಾನವನ್ನು ಪಡೆದವರು ಕೆ.ಎಸ್. ಅಶ್ವಥ್. 1925ರಲ್ಲಿ ಮೈಸೂರಿನಲ್ಲಿ ಜನಿಸಿದ ಅವರು 1955ರ ‘ಸ್ತ್ರೀರತ್ನ’ದಿಂದ ಚಿತ್ರರಂಗವನ್ನು ಪ್ರವೇಶಿಸಿ, 300ಕ್ಕೂ ಹೆಚ್ಚು ಚಿತ್ರಗಳಲ್ಲಿ ಅಭಿನಯಿಸಿದರು. ಪೌರಾಣಿಕ ಕಥೆಗಳಲ್ಲಿ ನಾರದನಾಗಿ ಮುಗುಳ್ನಕ್ಕವರೇ ಸಾಮಾಜಿಕ ಕಥೆಗಳಲ್ಲಿ ಸಂಸಾರದ ಭಾರಕ್ಕೆ ಬಾಗಿದ ತಂದೆಯಾದರು. 1971ರ ‘ಕಸ್ತೂರಿ ನಿವಾಸ’ದಲ್ಲಿ ಒಡೆಯನ ಸಿರಿ ಕರಗಿದರೂ ಜೊತೆ ಬಿಡದ ಸೇವಕನಾದರು. ಪಾತ್ರ ಕಿರಿದಾದರೂ ಅದರ ಘನತೆಯನ್ನು ಅವರು ಕಿರಿದುಗೊಳಿಸಲಿಲ್ಲ.

ಆದರೆ ಜನಮನದಲ್ಲಿ ಅವರು ಎಂದೆಂದಿಗೂ ಚಾಮಯ್ಯ ಮೇಷ್ಟರೇ. ತ.ರಾ. ಸುಬ್ಬರಾಯರ ಕಾದಂಬರಿಗಳನ್ನು ಆಧರಿಸಿ ಪುಟ್ಟಣ್ಣ ಕಣಗಾಲರು 1972ರಲ್ಲಿ ನಿರ್ದೇಶಿಸಿದ ‘ನಾಗರಹಾವು’ ಚಿತ್ರದ ಆ ಪಾತ್ರಕ್ಕೆ ರಾಜ್ಯ ಪ್ರಶಸ್ತಿಯೂ ಸಂದಿತು. ಊರೆಲ್ಲ ದೂರಿದ ರಾಮಾಚಾರಿಯಲ್ಲಿ ಒಳ್ಳೆಯತನವನ್ನು ಕಂಡ ಗುರು ಅವರು. ಅವರನ್ನು ಆದರ್ಶ ಗುರುವೆಂದು ಕೊಂಡಾಡುವ ಮಾತನ್ನು ಎಷ್ಟೋ ಸಭೆಗಳಲ್ಲಿ ಕೇಳಿದ್ದೇನೆ.

ಆಯುಷ್ಯದ ಬಹುಭಾಗವನ್ನು ಪಾಠ ಹೇಳುವುದರಲ್ಲಿಯೇ ಕಳೆದ ನನಗೆ, ಕಥೆ ಹೇಳುವುದು ಅಷ್ಟನ್ನೇ ಅಲ್ಲವೆಂದು ತೋರುತ್ತದೆ. ಶಿಷ್ಯನ ಪ್ರೀತಿಯನ್ನೇ ಆಧಾರವಾಗಿಟ್ಟುಕೊಂಡು, ಅಲಮೇಲುವನ್ನು ಬಿಟ್ಟುಕೊಡೆಂದು ಕೇಳುವವರು ಆ ಮೇಷ್ಟರೇ. ಶಿಷ್ಯನು ಗುರುವಾಕ್ಯವನ್ನು ಮೀರುವುದಿಲ್ಲ. ಆದರೆ ಆ ಹೆಣ್ಣಿನ ಬಾಳು ಬೀದಿಪಾಲಾಗುತ್ತದೆ. ಮುಂದೆ ಮಾರ್ಗರೇಟಳ ವಿಷಯದಲ್ಲಿಯೂ ಅದೇ ಬೇಡಿಕೆ. ಚಿತ್ರದುರ್ಗದ ಬೆಟ್ಟದ ಮೇಲೆ ನಡೆಯುವ ಕಡೆಯ ವಾದದಲ್ಲಿ ಗುರುವೂ ಉಳಿಯುವುದಿಲ್ಲ, ಶಿಷ್ಯನೂ ಉಳಿಯುವುದಿಲ್ಲ. ಅಲ್ಲಿ ದುಷ್ಟತನವಿರಲಿಲ್ಲ, ಇದ್ದುದು ವಾತ್ಸಲ್ಯವೇ. ಆದರೆ ಪ್ರೀತಿಸಿದ ಮಾತ್ರಕ್ಕೆ ಮಗುವಿನ ಬಾಳನ್ನು ನಿರ್ಧರಿಸುವ ಹಕ್ಕು ತನಗುಂಟೆಂದು ಆ ವಾತ್ಸಲ್ಯ ಭಾವಿಸಿತು.

ಅಶ್ವಥ್ ಅವರ ಅಭಿನಯದ ಹಿರಿಮೆ ಇರುವುದು ಇಲ್ಲಿಯೇ. ಮೇಷ್ಟರನ್ನು ಅವರು ಕಠೋರರನ್ನಾಗಿ ಮಾಡಲಿಲ್ಲ. ಮೃದುವಾದ ದನಿಯಲ್ಲಿ, ತುಂಬಿದ ಕಣ್ಣುಗಳಲ್ಲಿ ಬೇಡಿಕೊಂಡರು. ಗದರಿಕೆಯನ್ನು ಎದುರಿಸಬಲ್ಲ ಹುಡುಗನೂ ಹಿರಿಯರ ಕಣ್ಣೀರಿಗೆ ಸೋಲುತ್ತಾನೆಂಬ ಸತ್ಯವನ್ನು ಆ ಮುಖವೊಂದೇ ನಮಗೆ ತಿಳಿಸಿತು. ಕೂಗಾಡುವ ನಟನಾಗಿದ್ದರೆ ತಪ್ಪನ್ನು ಅವನ ತಲೆಗೆ ಕಟ್ಟಿ ನಾವು ನಿರಾಳರಾಗುತ್ತಿದ್ದೆವು. ಅಶ್ವಥ್ ಅವರು ನಮಗೆ ಆ ಅವಕಾಶವನ್ನು ಕೊಡಲಿಲ್ಲ. ನಮ್ಮ ಮನೆಯ ಹಿರಿಯರಂತೆ, ನಮ್ಮಂತೆಯೇ ಕಂಡರು.

ರಾಮಾಚಾರಿಯಾಗಿದ್ದ ವಿಷ್ಣುವರ್ಧನ್ 2009ರ ಡಿಸೆಂಬರ್ 30ರಂದು ಅಗಲಿದರು. ಅದಾದ 19 ದಿನಗಳಿಗೆ, 2010ರ ಜನವರಿ 18ರಂದು, ಅಶ್ವಥ್ ಅವರೂ ಮೈಸೂರಿನಲ್ಲಿ ಕಣ್ಮುಚ್ಚಿದರು. ಮೇಷ್ಟರು ಶಿಷ್ಯನನ್ನೇ ಹಿಂಬಾಲಿಸಿದರೆಂದು ಜನ ಆಡಿಕೊಂಡುದು ಸಹಜವೇ ಆಗಿತ್ತು.

ಮಕ್ಕಳ ವಿದ್ಯೆ, ವಿವಾಹ, ವೃತ್ತಿಗಳ ಮಾತು ಮನೆಗಳಲ್ಲಿ ಬಂದಾಗ ನಾವು ಹಿರಿಯರು ಆ ಮುಖವನ್ನೊಮ್ಮೆ ನೆನೆಯುವುದು ಒಳಿತು. ಬುದ್ಧಿ ಹೇಳುವುದು ನಮ್ಮ ಧರ್ಮ. ಅದನ್ನು ಒಪ್ಪಿಸಲು ಕಣ್ಣೀರನ್ನು ಮುಂದಿಡುವಾಗ ಮಾತ್ರ, ಆ ಕಣ್ಣೀರು ಯಾರಿಗಾಗಿ ಎಂಬುದನ್ನು ಮೊದಲು ನಮ್ಮನ್ನೇ ಕೇಳಿಕೊಳ್ಳಬೇಕು.