ಆನೇಕಲ್ಲಿನ ವಿಮಾನ

ಎದುರು ಮನೆಯ ಕಾಕಾ ಅವರಿಗೂ ನಮಗೂ ಭಾನುವಾರದ ಚಹಾದ ಹೊತ್ತಿಗೆ ಒಂದು ವಾಗ್ವಾದ ತಪ್ಪದು. ಒಮ್ಮೆ ಪೇಶ್ವೆಯರು, ಒಮ್ಮೆ ಪುಲಕೇಶಿ. ಒಮ್ಮೆ ಥಾಲಿಪೀಠ, ಒಮ್ಮೆ ಅಕ್ಕಿರೊಟ್ಟಿ. ಮುಂಬಯಿಯಲ್ಲಿ ಬೇರೆ ಬೇರೆ ನಾಡಿನವರು ಒಂದೇ ಪಡಸಾಲೆ ಹಂಚಿಕೊಂಡಾಗ ಇದೆಲ್ಲ ಇದ್ದದ್ದೇ. ಕೆಲವು ತಿಂಗಳ ಹಿಂದೆ ಮಾತು ವಿಮಾನಕ್ಕೆ ತಿರುಗಿತು. ರೈಟ್ ಸಹೋದರರಿಗಿಂತ ಎಂಟು ವರ್ಷ ಮೊದಲೇ, 1895ರಲ್ಲಿ, ಶಿವಕರ ಬಾಪೂಜಿ ತಳಪದೆ ಎಂಬವರು ಇದೇ ಊರಿನ ಚೌಪಾಟಿಯಲ್ಲಿ ವಿಮಾನ ಹಾರಿಸಿದರೆಂಬ ಕಥೆಯನ್ನು ಕಾಕಾ ಎತ್ತಿದರು. ನಾವು ಬಿಡುವವರೇ?

“ಹಾರಿಸಿದವರು ನಿಮ್ಮವರಿರಬಹುದು ಕಾಕಾ, ಹಾರಿಸುವ ಶಾಸ್ತ್ರ ಸಿಕ್ಕಿದ್ದು ನಮ್ಮ ಆನೇಕಲ್ಲಿನಲ್ಲಿ. ಭರದ್ವಾಜ ಮಹರ್ಷಿಗಳ ವೈಮಾನಿಕ ಶಾಸ್ತ್ರ! ಸಾವಿರಾರು ವರ್ಷದ ಗ್ರಂಥ!” ಎಂದೆವು.

ಕಾಕಾ ಸುಮ್ಮನಾದರು. ಪರವೂರಿನಲ್ಲಿ ಇಂಥ ಗೆಲುವು ಎಷ್ಟು ಹಿತವೆಂಬುದನ್ನು ಈ ಪತ್ರಿಕೆಯ ಓದುಗರಿಗೆ ವಿವರಿಸಬೇಕಾಗಿಲ್ಲ.

ಪಕ್ಕದಲ್ಲಿ ಕುಳಿತು ಕೇಳುತ್ತಿದ್ದವನು ನಮ್ಮ ಮಗ. ಸಂಘದ ಮಕ್ಕಳ ಭಾಷಣಕ್ಕೆ ಅದನ್ನೇ ವಿಷಯ ಮಾಡಿಕೊಂಡು ಮೂರು ಪುಟ ಬರೆದ. ಬರೆದು ತಂದು, “ಅಪ್ಪಾ, ಆ ಓಲೆಗರಿ ಈಗ ಯಾವ ಊರಲ್ಲಿದೆ? ಕೊನೆಗೆ ಅದನ್ನೂ ಸೇರಿಸುತ್ತೇನೆ” ಎಂದ.

ಓಲೆಗರಿಯ ಮಾತಿರಲಿ, ಪುಸ್ತಕವನ್ನೇ ನಾವು ಕಂಡಿರಲಿಲ್ಲ. ನಾಚಿಕೆಯಾಗಿ ತರಿಸಿ ಓದಿದೆವು. ಓದಲು ಬಲು ಸೊಗಸಾದ ಪುಸ್ತಕ, ಸುಳ್ಳೇಕೆ ಹೇಳೋಣ! ವಿಮಾನ ನಡೆಸುವವನು 32 ರಹಸ್ಯಗಳನ್ನು ಅರಿತಿರಬೇಕಂತೆ. ಕಣ್ಣಿಗೆ ಕಾಣದಂತೆ ಮರೆಯಾಗುವುದು ಅದರಲ್ಲೊಂದು. ಶತ್ರುವಿನ ವಿಮಾನದೊಳಗೆ ಆಡುವ ಮಾತನ್ನು ಇಲ್ಲಿಂದಲೇ ಕೇಳುವುದು ಇನ್ನೊಂದು. ಸೋಮ, ಸೌಂಡಾಲ, ಮೌರ್ತ್ವಿಕ ಎಂಬ ಮೂರು ಬಗೆಯ ಲೋಹಗಳನ್ನು ಬೆರೆಸಿ, ಬಿಸಿಯನ್ನು ಹೀರುವ 16 ಲೋಹಗಳನ್ನು ಮಾಡಬೇಕು. ಶಕುನ, ಸುಂದರ, ರುಕ್ಮ, ತ್ರಿಪುರ ಎಂದು ನಾಲ್ಕು ವಿಮಾನಗಳ ನಕ್ಷೆಯೂ ಉಂಟು. ಚಾಲಕ ಯಾವ ಋತುವಿನಲ್ಲಿ ಏನು ಉಣ್ಣಬೇಕೆಂಬುದನ್ನೂ ಮರೆತಿಲ್ಲ. ಆ ಭಾಗ ನಮ್ಮ ಮನೆಯಾಕೆಗೆ ಬಹಳ ಮೆಚ್ಚಿಗೆಯಾಯಿತು.

ನಾವು ಸರಕಾರಿ ಗುಮಾಸ್ತರು. ಕಾಗದದಲ್ಲಿ ಏನು ಬರೆದಿದೆ ಎನ್ನುವುದಕ್ಕಿಂತ ಅದು ಯಾವಾಗ, ಯಾರ ಕೈಯಿಂದ ಬಂತೆಂದು ನೋಡುವುದು ನಮ್ಮ ಕಸುಬು. 1998ರ ತಾರೀಖು ಹೊತ್ತ ಅರ್ಜಿ 2004ರಲ್ಲಿ ಅಚ್ಚಾದ ನಮೂನೆಯ ಮೇಲಿದ್ದರೆ ಮುಂದೆ ಓದುವ ಅಗತ್ಯವೇ ಇಲ್ಲ. ಆ ಕಣ್ಣನ್ನು ಕಚೇರಿಯಲ್ಲೇ ಬಿಟ್ಟು ಬಂದು ಕಾಕಾ ಅವರೆದುರು ಬಾಯಿ ಬಿಟ್ಟಿದ್ದೆವು!

ಈಗ ನೋಡಿದರೆ ಇಷ್ಟು ಸಿಕ್ಕಿತು. ಇಂಗ್ಲಿಷ್ ಅನುವಾದದೊಡನೆ ಇದನ್ನು ಮೈಸೂರಿನ ಜಿ. ಆರ್. ಜೋಸ್ಯರ್ ಪ್ರಕಟಿಸಿದ್ದು 1973ರಲ್ಲಿ. ಅದಕ್ಕೆ ಮುಂಚೆ 1959ರಲ್ಲಿ ಹಿಂದಿಯಲ್ಲಿ ಬಂದಿತ್ತು. ಮೂಲ ಶ್ಲೋಕಗಳನ್ನು ಆನೇಕಲ್ಲಿನ ಪಂಡಿತ ಸುಬ್ಬರಾಯ ಶಾಸ್ತ್ರಿಗಳು 1918ರಿಂದ 1923ರವರೆಗೆ ಬಾಯಲ್ಲಿ ಹೇಳಿದರು, ವೆಂಕಟಾಚಲ ಶರ್ಮರು ಬರೆದುಕೊಂಡರು. ಕಣ್ಣ ಮುಂದೆ ಗ್ರಂಥವಿಲ್ಲ, ಅಂತಃಸ್ಫೂರ್ತಿಯೇ ಆಧಾರ. ನಕ್ಷೆಗಳನ್ನು 1923ರಲ್ಲಿ ಶಾಸ್ತ್ರಿಗಳು ಹೇಳಿದಂತೆ ಬರೆದವರು ಎಲ್ಲಪ್ಪ ಎಂಬ ನಕ್ಷೆಗಾರರು. ಓಲೆಗರಿ ಎಲ್ಲಿಂದ ಬರಬೇಕು?

ಬೆಂಗಳೂರಿನ ಹಳಬರು ಟಾಟಾ ಇನ್‌ಸ್ಟಿಟ್ಯೂಟ್ ಎನ್ನುವ ವಿಜ್ಞಾನ ಸಂಸ್ಥೆಯ ಐವರು ವಿದ್ವಾಂಸರು 1974ರಲ್ಲೇ ಇದನ್ನು ಪರೀಕ್ಷಿಸಿದ್ದರು. ಸಂಸ್ಕೃತ ವೇದಕಾಲದ್ದಲ್ಲ, ಈಚಿನದು. ಗ್ರಂಥ 1904ಕ್ಕಿಂತ ಹಿಂದಿನದಾಗಿರಲಾರದು. ನಾಲ್ಕರಲ್ಲಿ ಒಂದೂ ಹಾರುವಂಥದಲ್ಲ ಎಂದು ತೀರ್ಪಿತ್ತರು. ಹಾಗಿದ್ದೂ 2015ರಲ್ಲಿ ನಮ್ಮ ಮುಂಬಯಿಯಲ್ಲೇ ನಡೆದ ವಿಜ್ಞಾನ ಕಾಂಗ್ರೆಸ್ಸಿನಲ್ಲಿ ಪ್ರಾಚೀನ ವಿಮಾನಗಳ ಮೇಲೆ ಪ್ರಬಂಧ ಓದಿದರು. ಮೋಸಹೋದವರು ನಾವೊಬ್ಬರೇ ಅಲ್ಲವಲ್ಲ ಎಂದು ಅರೆಗಳಿಗೆ ಸಮಾಧಾನವಾಯಿತು. ಆದರೆ ನಮ್ಮ ಮಗನಿಗೆ ಹೇಳಿದವರು ಅವರಲ್ಲ, ನಾವು.

ಆ ರಾತ್ರಿ ಅವನನ್ನು ಕೂರಿಸಿಕೊಂಡು, ಓಲೆಗರಿ ಇಲ್ಲವೆಂದೂ, ನೋಡದೆ ಹೇಳಿದೆವೆಂದೂ ಒಪ್ಪಿಕೊಂಡೆವು. ಹುಡುಗನ ಮುಖ ಸಣ್ಣದಾಯಿತು.

“ಹಾಗಾದರೆ ಆ ಶಾಸ್ತ್ರಿಗಳು ಸುಳ್ಳುಗಾರರೇ?”

ಹೂಂ ಎನ್ನಲು ನಮಗೆ ಬಾಯಿ ಬರಲಿಲ್ಲ. ಬಡತನ, ರೋಗ ಅನುಭವಿಸಿ, ಅಲೆದು, ಕೋಲಾರದ ಕಡೆ ಒಬ್ಬ ಗುರುಗಳಿಂದ ವಿದ್ಯೆ ಪಡೆದೆನೆಂದು ನಂಬಿದ್ದ ಮನುಷ್ಯ. ಪುಸ್ತಕ ಅಚ್ಚಾಗುವ ಮೊದಲೇ ತೀರಿಕೊಂಡರು. ಆಕಾಶದಲ್ಲಿ ವಿಮಾನ ಹಾರುತ್ತಿದೆಯೆಂಬ ಸುದ್ದಿ ಹೊಸದಾಗಿ ಹಬ್ಬುತ್ತಿದ್ದ ಕಾಲದಲ್ಲಿ, ಆನೇಕಲ್ಲಿನಂಥ ಊರಿನಲ್ಲಿ ಕುಳಿತು, ನಮ್ಮವರಿಗೂ ಇದು ತಿಳಿದಿತ್ತು ಎಂದು ಅವರಿಗೆ ಎಷ್ಟು ಅನ್ನಿಸಿರಬೇಕು! ಕಾಕಾ ಅವರೆದುರು ನಮಗೆ ಅನ್ನಿಸಿದ್ದೂ ಅದೇ ತಾನೆ?

ಮಗ ಮೂರು ಪುಟವನ್ನೂ ಹರಿದು ಮತ್ತೆ ಬರೆಯುತ್ತಿದ್ದಾನೆ. ಒಬ್ಬರು ಹೇಳುತ್ತಿದ್ದಾರೆ, ಒಬ್ಬರು ಬರೆದುಕೊಳ್ಳುತ್ತಿದ್ದಾರೆ ಎಂದು ಆರಂಭ. ಐದು ವರ್ಷ ಬರೆದುಕೊಂಡ ಶರ್ಮರಿಗೆ ಕೈ ನೋಯಲಿಲ್ಲವೇ ಎಂದು ನಿನ್ನೆ ಕೇಳಿದ.

ಭಾನುವಾರ ಕಾಕಾ ಬರುತ್ತಾರೆ. ಅವರ ಚೌಪಾಟಿಯ ಗೊಡವೆಗೆ ನಾವು ಹೋಗುವುದಿಲ್ಲ. ನಮ್ಮ ಸಾವಿರಾರು ವರ್ಷಗಳನ್ನು ಮಾತ್ರ ಹಿಂದಕ್ಕೆ ತೆಗೆದುಕೊಳ್ಳಬೇಕು. ಮನೆಯಾಕೆ ಅಂದು ಚಹಾದ ಜೊತೆ ಅಕ್ಕಿರೊಟ್ಟಿಯನ್ನೂ ಮಾಡುತ್ತೇನೆಂದಿದ್ದಾಳೆ.